1 ನಿಮಿಷ 40 ಸೆಕೆಂಡಿನ ಹಿಮ್ಮಡಿ

ಇವತ್ತು ಬೆಳಿಗ್ಗೆ ಹಾಲಿನ ಬೂತಿನವರು ಎರಡು ಪ್ಯಾಕೆಟ್ ಹಾಲಿನ ಜೊತೆ ಒಂದು ಪುಟ್ಟ ಡಬ್ಬ ಕೊಟ್ಟರು. "ಪುನರ್ಪುಳಿ ತುಪ್ಪ ಅಕ್ಕ. ನಮ್ಮ ಅಮ್ಮ ಮಾಡಿದ್ದು. ರಾತ್ರಿ ಸ್ವಲ್ಪ ಬಿಸಿ ಮಾಡಿ ಹಚ್ಚಿ, ಸಾಕ್ಸ್ ಹಾಕಿ ಮಲಗಿ. ಎಂಟು ದಿನದಲ್ಲಿ ಕೂಡಿಕೊಳ್ತದೆ" ಎಂದರು. ಇಷ್ಟು ಹೇಳುವಾಗ ಒಮ್ಮೆಯೂ ನನ್ನ ಮುಖ ನೋಡಲಿಲ್ಲ. ಕೌಂಟರಿನ ಮೇಲಿಂದ ಬಗ್ಗಿ ನನ್ನ ಕಾಲು ನೋಡುತ್ತಿದ್ದರು.

ಒಂದು ವಾರದಿಂದ ಹೀಗೇ. ಹನ್ನೆರಡು ವರ್ಷದಿಂದ ಅದೇ ಬೂತಿನಲ್ಲಿ ಹಾಲು ತರುತ್ತೇನೆ. ನನ್ನ ಹೆಸರು ಅವರಿಗೆ ಇವತ್ತಿಗೂ ಗೊತ್ತಿಲ್ಲ. ಎಡಗಾಲಿನ ಹಿಮ್ಮಡಿಯಲ್ಲಿ ಎಲ್ಲೆಲ್ಲಿ ಬಿರುಕು ಉಂಟು ಎಂಬುದು ಮಾತ್ರ ಬಾಯಿಪಾಠ. ಮಂಗಳೂರಿನ ಬಿಜೈಯಲ್ಲಿ ಬಸ್ಸು ಹತ್ತುವಾಗ ಪರಿಚಯದ ಕಂಡಕ್ಟರ್ "ನಿಧಾನ ಅಕ್ಕ, ಕಾಲು ಜಾಗ್ರತೆ" ಅಂತಾನೆ. ಶಾಲೆಯಲ್ಲಿ ಹತ್ತನೇ ಕ್ಲಾಸಿನ ಮಕ್ಕಳು ಬೆಳಕಿನ ವಕ್ರೀಭವನ ಬಿಟ್ಟು ಮೇಜಿನ ಅಡಿ ನೋಡುತ್ತಾರೆ. ನಾನು ವಿಜ್ಞಾನದ ಟೀಚರ್. ಇಪ್ಪತ್ತೈದು ವರ್ಷ ಪಾಠ ಮಾಡಿ ಬಾರದ ಹೆಸರು ಒಂದೇ ಭಾನುವಾರ ನನ್ನ ಹಿಮ್ಮಡಿಗೆ ಬಂತು.

ಇದಕ್ಕೆಲ್ಲ ಕಾರಣ ಪುಟ್ಟ.

ಪುಟ್ಟ ನನ್ನ ಅಕ್ಕನ ಮಗ. ಆರಡಿ ಎತ್ತರ, ಎದೆ ಮುಟ್ಟುವ ಗಡ್ಡ. ಆದರೂ ಪುಟ್ಟ. ಇಂಜಿನಿಯರಿಂಗ್ ಮುಗಿಸಿ, ಎಂಟು ತಿಂಗಳು ಕೆಲಸ ಮಾಡಿ, ಅದನ್ನು ಬಿಟ್ಟು ಸಿನಿಮಾ ಕಲಿಯಲು ಹೋದ. ಅಕ್ಕ, ಭಾವ ಇರುವುದು ಮುಂಬೈ ಹತ್ತಿರದ ಡೊಂಬಿವಲಿಯಲ್ಲಿ. ಅಲ್ಲಿ ಕ್ಯಾಮೆರಾ ಇಡಲು ಜಾಗ ಇಲ್ಲ ಅಂತ ರಜೆ ಸಿಕ್ಕಿದ ಕೂಡಲೇ ಮಂಗಳೂರಿಗೆ ಬರುತ್ತಾನೆ. ಹೋದ ವರ್ಷ ಬಂದವನು ನಮ್ಮ ಗ್ರೈಂಡರ್ ತಿರುಗುವುದನ್ನು 40 ನಿಮಿಷ ಶೂಟ್ ಮಾಡಿದ. ನಿಲ್ಲಿಸಲು ಬಿಡಲಿಲ್ಲ. ಇಡ್ಲಿ ಹಿಟ್ಟು ಬಿಸಿಯಾಗಿ ಹಾಳಾಯಿತು. ಸಿನಿಮಾದಲ್ಲಿ ಅದು ಗ್ರೈಂಡರ್ ಅಲ್ಲವಂತೆ, ಕಾಲಚಕ್ರವಂತೆ. "ಕಾಲಚಕ್ರ ತೊಳೆದಿಡು ಹಾಗಾದ್ರೆ" ಅಂದೆ. ಅದಕ್ಕೆ ಅವನು ಹೇಳಿದ ಮಾತು ಈಗ ನನ್ನ ತಲೆನೋವಿನ ಇನ್ನೊಂದು ಹೆಸರು: "ಅದನ್ನು ಅರ್ಥ ಮಾಡಿಕೊಳ್ಳಬಾರದು ಚಿಕ್ಕಮ್ಮ. ಫೀಲ್ ಮಾಡ್ಬೇಕು."

ಈ ಸಲ ಮಾರ್ಚಿನಲ್ಲಿ ಬಂದ. ನಾನು ಆಗ ತಾನೇ ಈಜುಕೊಳಕ್ಕೆ ಸೇರಿದ್ದೆ. ಮೊಣಕಾಲಿಗೆ ಒಳ್ಳೆಯದು ಅಂತ ಡಾಕ್ಟರು ಹೇಳಿದ್ದರು. ಎಮ್ಮೆಕೆರೆಯಲ್ಲಿ ಈಗ 50 ಮೀಟರ್ ಉದ್ದದ ದೊಡ್ಡ ಕೊಳ ಆಗಿದೆ, ಅಲ್ಲಿಗೇ ಹೋಗುತ್ತೇನೆ ಎಂದಾಗ ನಮ್ಮ ಮನೆಯವರು ಕೆರೆಯ ಹೆಸರಿಗೂ ನನಗೂ ಸೇರಿಸಿ ಒಂದು ಮಾತು ಹೇಳಿದರು. ಅದನ್ನು ಇಲ್ಲಿ ಬರೆಯುವುದಿಲ್ಲ. ಕೊನೆಗೆ ಮನೆಗೆ ಹತ್ತಿರ ಇರುವ ಒಂದು ಸಣ್ಣ ಕೊಳಕ್ಕೆ ಸೇರಿದೆ. ಬೆಳಗಿನ ಲೇಡೀಸ್ ಬ್ಯಾಚು. ಮುಕ್ಕಾಲು ಗಂಟೆ. ಅದರಲ್ಲಿ ಕಾಲು ಗಂಟೆ ಈಜು, ಉಳಿದದ್ದು ಕಂಬಿ ಹಿಡಿದು ನಿಂತು ಮಾತು. ಇಂಥ ಬ್ಯಾಚು ನಿಮ್ಮ ಊರಲ್ಲೂ ಇರುತ್ತದೆ, ಅಲ್ವಾ?

ಒಂದು ದಿನ ಪುಟ್ಟ ಮೊಬೈಲಿನಲ್ಲಿ ಒಲಿಂಪಿಕ್ಸಿನ ವಿಡಿಯೋ ತೋರಿಸಿದ. ಸಿಂಕ್ರೊನೈಸ್ಡ್ ಸ್ವಿಮ್ಮಿಂಗ್. ಎಂಟು ಹುಡುಗಿಯರು ತಲೆ ಕೆಳಗೆ ಮಾಡಿ ನೀರಿನಿಂದ ಬರೀ ಕಾಲು ಹೊರಗೆ ಚಾಚಿದ್ದರು. ಗದ್ದೆಯಲ್ಲಿ ನೇಜಿ ನೆಟ್ಟ ಹಾಗೆ ಹದಿನಾರು ಕಾಲು. ಒಂದು ಬಾಗಿದರೆ ಎಲ್ಲವೂ ಬಾಗುತ್ತವೆ. ಆಮೇಲೆ ಎಂಟೂ ತಲೆ ಒಟ್ಟಿಗೆ ಮೇಲೆ ಬರುತ್ತವೆ, ಎಂಟರಲ್ಲೂ ಒಂದೇ ನಗು. ಅವರಿಗೆ ಕೊಳದ ತಳ ಮುಟ್ಟಲಿಕ್ಕಿಲ್ಲ. ಮುಟ್ಟಿದರೆ ಅಂಕ ಹೋಗುತ್ತದೆ. ನೀರಿನೊಳಗೆ ಎರಡೂ ಕಾಲನ್ನು ಮೊಟ್ಟೆ ಕಲಕುವ ಯಂತ್ರದ ಹಾಗೆ ಸುತ್ತಿಸುತ್ತಲೇ ಇರಬೇಕು, ಮೇಲೆ ಮುಖದಲ್ಲಿ ನಗಬೇಕು. ನಾದಿನಿಯ ಮನೆ ಗೃಹಪ್ರವೇಶಕ್ಕೆ ಹೋದಾಗ ನಾನು ಮಾಡುವುದೂ ಅದೇ. ಯಾರೂ ಪದಕ ಕೊಟ್ಟಿಲ್ಲ.

"ನಿಮ್ಮ ಬ್ಯಾಚಿನವರನ್ನು ಹಾಕಿ ಇದನ್ನು ಮಾಡುವ ಚಿಕ್ಕಮ್ಮ" ಅಂದ.

ನನಗೆ ನಗು ಬಂತು. ಅವನಿಗೆ ಬರಲಿಲ್ಲ. ಮಧ್ಯಾಹ್ನ ಪೂರ್ತಿ ಕೂತು ಇತಿಹಾಸ ಹೇಳಿದ. ಆಸ್ಟ್ರೇಲಿಯಾದ ಆನೆಟ್ ಕೆಲ್ಲರ್‌ಮನ್ ಎಂಬವಳಿಗೆ ಸಣ್ಣದಿರುವಾಗ ಕಾಲಿನಲ್ಲಿ ಬಲ ಇರಲಿಲ್ಲ, ಅದಕ್ಕೇ ಈಜಲು ಕಳಿಸಿದರಂತೆ. ಅವಳು 1907ರಲ್ಲಿ ನ್ಯೂಯಾರ್ಕಿನಲ್ಲಿ ಗಾಜಿನ ತೊಟ್ಟಿಯೊಳಗೆ ಕುಣಿದು ತೋರಿಸಿದಳಂತೆ. "ನೋಡಿ, ಅವಳಿಗೂ ಕಾಲು, ನಿಮಗೂ ಕಾಲು" ಅಂದ. 1984ರಲ್ಲಿ ಲಾಸ್ ಏಂಜಲೀಸ್ ಒಲಿಂಪಿಕ್ಸಿಗೆ ಈ ಆಟ ಸೇರಿತು. ಆಗ ಇದ್ದದ್ದು ಇಬ್ಬರ ಸ್ಪರ್ಧೆ ಮತ್ತು ಒಬ್ಬರ ಸ್ಪರ್ಧೆ.

"ಒಬ್ಬರ ಸ್ಪರ್ಧೆಯಾ? ಒಬ್ಬಳೇ ಯಾರ ಜೊತೆ ಸಿಂಕ್ ಆಗುವುದು?"

"ಮ್ಯೂಸಿಕ್ ಜೊತೆ."

"ನೀರಿನೊಳಗೆ ಮ್ಯೂಸಿಕ್ ಕೇಳುತ್ತದಾ?"

"ಕೊಳದ ಒಳಗೆ ಸ್ಪೀಕರ್ ಇಡ್ತಾರೆ."

1992ರ ಬಾರ್ಸಿಲೋನಾ ಆದ ಮೇಲೆ ಆ ಒಬ್ಬರ ಸ್ಪರ್ಧೆಯನ್ನು ಒಲಿಂಪಿಕ್ಸಿನಿಂದ ತೆಗೆದರು. ನನ್ನ ಹಾಗೇ ಯಾರಾದರೂ ಕೇಳಿರಬೇಕು. 2017ರಲ್ಲಿ ಆಟದ ಹೆಸರೂ ಬದಲಾಗಿ ಆರ್ಟಿಸ್ಟಿಕ್ ಸ್ವಿಮ್ಮಿಂಗ್ ಆಯಿತು. ಸಿಂಕ್ ಎಂಬ ಮಾತೇ ಹೋಯಿತು. ಇದು ಮಾತ್ರ ನಮ್ಮ ಬ್ಯಾಚಿಗೆ ಅನುಕೂಲವೇ ಅಂತ ನನಗೆ ಅನಿಸಿತು. 2024ರ ಪ್ಯಾರಿಸ್ ಒಲಿಂಪಿಕ್ಸಿನಲ್ಲಿ ಎಂಟು ಜನರ ತಂಡದಲ್ಲಿ ಇಬ್ಬರು ಗಂಡಸರು ಇರಬಹುದು ಅಂತ ನಿಯಮ ಮಾಡಿದ್ದರು. ಯಾವ ದೇಶದ ತಂಡದಲ್ಲೂ ಒಬ್ಬ ಗಂಡಸೂ ಇರಲಿಲ್ಲ. ಪುಟ್ಟ ಇದನ್ನು ಹೇಳುತ್ತಿದ್ದಾಗ ನಮ್ಮ ಮನೆಯವರು ಪೇಪರ್ ಮಡಚಿ ಮೆಲ್ಲ ಎದ್ದು ಸ್ನಾನಕ್ಕೆ ಹೋದರು. ಬೆಳಿಗ್ಗೆ ಒಮ್ಮೆ ಸ್ನಾನ ಆಗಿತ್ತು.

ಎಂಟು ಜನ ಸಿಕ್ಕಿದರು. ಹೇಗೆ ಸಿಕ್ಕಿದರು ಅಂತ ನನಗೂ ಆಶ್ಚರ್ಯ. ಸಿನಿಮಾ ಅಂದರೆ ಬಾಯಿ ಬಿಡದವರು ಯಾರೂ ಇಲ್ಲ. ಆದರೆ ಒಪ್ಪಿದ ಮರುದಿನವೇ ಒಬ್ಬೊಬ್ಬರದ್ದು ಒಂದೊಂದು ಷರತ್ತು ಬಂತು. ಮೊದಲು, ಕ್ಯಾಮೆರಾದಲ್ಲಿ ಕುತ್ತಿಗೆಯಿಂದ ಮೇಲೆ ಮಾತ್ರ ಬರಬೇಕು, ಈಜುಡುಗೆ ಕಾಣಬಾರದು ಅಂತ ಆಯಿತು. ಸರಿ ಅಂದ. ಆಮೇಲೆ ಒಬ್ಬರ ಅತ್ತೆ, ಇನ್ನೊಬ್ಬರ ಮಗ, ಮತ್ತೊಬ್ಬರ ಬ್ಯಾಂಕಿನ ಸಾಹೇಬರು. ಮುಖ ಬೇಡ ಅಂತ ಆಯಿತು. ಬೆನ್ನು ಹೇಗೂ ಬೇಡ. ತೋಳು? ತೋಳು ದಪ್ಪ ಕಾಣುತ್ತದೆ, ಬೇಡ. ಕೊನೆಗೆ ಎಲ್ಲರೂ ಒಪ್ಪಿದ್ದು ಮೊಣಕೈಯಿಂದ ಕೆಳಗೆ ಮತ್ತು ಮೊಣಕಾಲಿನಿಂದ ಕೆಳಗೆ. ಪುಟ್ಟನಿಗೆ ಬೇಜಾರಾಗುತ್ತದೆ ಅಂತ ಇದ್ದೆ. ಅವನು ಕಣ್ಣು ಅರಳಿಸಿ "ವಾವ್, ದೇಹವೇ ಇಲ್ಲದ ಈಜು!" ಅಂದ. ಈ ಷರತ್ತು ಪತ್ರಕ್ಕೆ ಮೊದಲು ಕೈ ಎತ್ತಿದವಳು ನಾನೇ. ಅದನ್ನು ಈಗ ನೆನೆದರೆ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ.

ಅಭ್ಯಾಸ ಶುರುವಾಯಿತು. ಮೊದಲ ದಿನ ಬರೀ ಒಂದು ಕೆಲಸ. ಅಂಗಾತ ತೇಲುತ್ತಾ ಎಂಟು ಎಣಿಸಬೇಕು, ಎಂಟಕ್ಕೆ ಎಲ್ಲರ ಬಲಗೈ ನೀರಿನಿಂದ ಮೇಲೆ ಬರಬೇಕು. ನಿಜವಾದ ಈಜುಗಾರ್ತಿಯರೂ ಎಂಟೆಂಟರ ಲೆಕ್ಕದಲ್ಲೇ ಕಲಿಯುವುದಂತೆ. ಸುಲಭ ಅಲ್ವಾ? ಮಂಗಳೂರಿನಲ್ಲಿ ಸುಲಭ ಅಲ್ಲ.

ಪ್ರೇಮಕ್ಕ ತುಳುವಿನಲ್ಲಿ ಎಣಿಸುತ್ತಾರೆ. ಒಂಜಿ, ರಡ್ಡ್, ಮೂಜಿ, ನಾಲ್. ಐರಿನ್ ಬಾಯಿ ಮತ್ತು ಶೆಣೈ ಮಾಮಿ ಕೊಂಕಣಿ. ಏಕ್, ದೋನ್, ತೀನ್, ಚಾರ್. ಐದರ ತನಕ ಏನೂ ತೊಂದರೆ ಇಲ್ಲ. ಆರಕ್ಕೆ ಬರುವಾಗ ಎಡವಟ್ಟು. ಕೊಂಕಣಿಯಲ್ಲಿ ಆರು ಅಂದರೆ 'ಸ'. ಬಾಯಿ ತೆರೆದು ಮುಚ್ಚುವುದರೊಳಗೆ ಮುಗಿಯಿತು. ತುಳುವಿನಲ್ಲಿ 'ಆಜಿ'. ಅದನ್ನು ಸ್ವಲ್ಪ ಎಳೆಯದಿದ್ದರೆ ತುಳು ಅಂತಲೇ ಅನಿಸುವುದಿಲ್ಲ. ಹಾಗಾಗಿ ಕೊಂಕಣಿ ಕೈಗಳು ಆಕಾಶದಲ್ಲಿ ಇರುವಾಗ ತುಳು ಕೈಗಳು ನೀರಿನಲ್ಲಿ. "ಎಲ್ಲರೂ ಕನ್ನಡದಲ್ಲಿ ಎಣಿಸಿ" ಅಂದ ಪುಟ್ಟ. ಹುಬ್ಬಳ್ಳಿ ಕಡೆಯ ಬ್ಯಾಂಕ್ ಮೇಡಂ "ಒಂದ, ಎರಡ, ಮೂರ" ಅಂತ ರೈಲು ಬಿಟ್ಟರು. ನಾನು "ಒಂದು, ಎರಡು" ಅನ್ನುವಾಗ ಅವರು ಐದು ದಾಟಿದ್ದರು.

ಇದನ್ನೆಲ್ಲ ಸಹಿಸಬಹುದಿತ್ತು. ಆದರೆ ಪ್ರೇಮಕ್ಕ.

ಪ್ರೇಮಕ್ಕನಿಗೆ ಎಣಿಸುವುದು ಒಂದು ಚಟ. ಮೆಟ್ಟಿಲು ಎಣಿಸುತ್ತಾರೆ, ಬನ್ಸ್ ಎಣಿಸುತ್ತಾರೆ, ಮದುವೆಯಲ್ಲಿ ಎಷ್ಟನೇ ಪಂಕ್ತಿ ಅಂತ ಎಣಿಸುತ್ತಾರೆ. ಅವರು ಬೆಳೆದದ್ದು ಬೀಡಿ ಕಟ್ಟುವ ಮನೆಯಲ್ಲಿ. ಸಾವಿರ ಬೀಡಿಗೆ ಇಷ್ಟು ಮಜೂರಿ ಅಂತ ಲೆಕ್ಕ. ಎಣಿಕೆ ತಪ್ಪಿದರೆ ದುಡ್ಡು ತಪ್ಪಿತು. ಹಾಗಾಗಿ ಒಮ್ಮೆ ಎಣಿಸಿದ್ದನ್ನು ಮತ್ತೆ ಒಂದರಿಂದ ಎಣಿಸುವುದು ಎಂದರೆ ಪ್ರೇಮಕ್ಕನಿಗೆ ಮೈಯೆಲ್ಲ ಉರಿ. ಪುಟ್ಟ ನಾಲ್ಕಕ್ಕೆ "ಕಟ್" ಅಂದ. ಕ್ಯಾಮೆರಾ ಕಟ್ಟಿದ ಕೊಕ್ಕೆ ಸರಿ ಮಾಡಿಕೊಂಡು "ಮತ್ತೆ ಶುರು" ಅಂದ. ನಾವೆಲ್ಲ ಒಂದು ಅಂದೆವು. ಪ್ರೇಮಕ್ಕ "ಐನ್" ಅಂದರು.

"ಪ್ರೇಮಕ್ಕ, ಒಂದರಿಂದ."

"ಒಂದು ಆಯ್ತಲ್ಲ ಮಗಾ. ನಾಲ್ಕು ಆಗಿದೆ. ಐದರಿಂದ ಹೋಗುವ."

"ಪ್ರತಿ ಸಲ ಒಂದರಿಂದ ಎಂಟು."

"ಹಾಗಾದ್ರೆ ಮೊದಲು ಎಣಿಸಿದ್ದು ದಂಡವಾ?"

ಅವನ ಹತ್ತಿರ ಉತ್ತರ ಇರಲಿಲ್ಲ. ಅವನು ಕಲಿತ ಕೋರ್ಸಿನಲ್ಲಿ ಇದು ಬಂದಿರಲಿಲ್ಲ ಅಂತ ಕಾಣುತ್ತದೆ. ಆಮೇಲೆ ಪ್ರೇಮಕ್ಕ ತಮ್ಮದೇ ಲೆಕ್ಕ ಮುಂದುವರಿಸಿದರು. ಒಂಬತ್ತಕ್ಕೆ ಕೈ ಎತ್ತಿದರು, ಹದಿಮೂರಕ್ಕೆ ಎತ್ತಿದರು. ನಡುವೆ ಒಮ್ಮೆ "ಇಡ್ಲಿ ಇಟ್ಟು ಬಂದೆ, ಗ್ಯಾಸ್ ಆಫ್ ಮಾಡಿದ್ದೇನಾ ಇಲ್ವಾ" ಅಂತ ನಿಲ್ಲಿಸಿ ಮನೆಗೆ ಫೋನ್ ಮಾಡಿಸಿದರು. ತಿರುಗಿ ಬಂದು ನಲವತ್ತೊಂದರಿಂದ ಶುರು ಮಾಡಿದರು. ಮೂರನೇ ದಿನ ನಾನು ಅವರ ಪಕ್ಕದಲ್ಲಿ ತೇಲುತ್ತಾ ಕಣ್ಣು ಮುಚ್ಚಿ ಮನಸ್ಸಿನಲ್ಲಿ "ಆರು, ಏಳು" ಅನ್ನುವಾಗ ಕಿವಿಯ ಹತ್ತಿರ ಶಾಂತವಾಗಿ "ಮುನ್ನೂರ ಹನ್ನೆರಡು" ಅಂತ ಕೇಳಿಸಿತು. ನಾನು ಮುಳುಗಿದೆ. ನಗು ಬಂದು ಮುಳುಗಿದ್ದಾ, ಸಿಟ್ಟು ಬಂದು ಮುಳುಗಿದ್ದಾ ಅಂತ ಈಗಲೂ ಗೊತ್ತಿಲ್ಲ. ಮೂಗಿನಲ್ಲಿ ಹೋದ ನೀರು ಮಾತ್ರ ಸಂಜೆಯ ತನಕ ಉರಿಯಿತು.

ಮೂಗಿಗೆ ಕ್ಲಿಪ್ ಹಾಕುತ್ತಾರೆ ಒಲಿಂಪಿಕ್ಸಿನವರೆಲ್ಲ. ನಾವು ಬಟ್ಟೆ ಒಣ ಹಾಕುವ ಕ್ಲಿಪ್ ಹಾಕಿ ನೋಡಿದೆವು. ಮಳೆಗಾಲಕ್ಕೆ ಅಂತ ತಂದ ಗಟ್ಟಿ ಕ್ಲಿಪ್ಪು. ಅದರ ಬಗ್ಗೆ ಹೆಚ್ಚು ಹೇಳುವುದಿಲ್ಲ.

ಕೂದಲಿನ ಕತೆ ಹೇಳಲೇಬೇಕು. ಸ್ಪರ್ಧೆಗೆ ಹೋಗುವವರು ಕೂದಲು ಕದಲದ ಹಾಗೆ ಬಿಸಿ ನೀರಲ್ಲಿ ಕರಗಿಸಿದ ಜೆಲಟಿನ್ ಅನ್ನು ಬ್ರಶ್ಶಿನಲ್ಲಿ ಬಳಿಯುತ್ತಾರೆ. ಅದು ಗಾಜಿನ ಹಾಗೆ ಗಟ್ಟಿಯಾಗುತ್ತದೆ, ಆಮೇಲೆ ಬಿಸಿ ನೀರಿಗೆ ಮಾತ್ರ ಬಿಡುತ್ತದೆ. ನಮ್ಮ ತಲೆ ಕ್ಯಾಮೆರಾದಲ್ಲಿ ಬರುವುದೇ ಇಲ್ಲ, ಆದರೂ ಬೇಕಂತೆ. "ನಿಮಗೆ ಫೀಲ್ ಬರ್ಬೇಕಲ್ಲ." ಶೆಣೈ ಮಾಮಿ ಜೆಲಟಿನ್ ಎಂದರೆ ಎಂತದ್ದು ಅಂತ ವಿಚಾರಿಸಿದರು. ಪ್ರಾಣಿಗಳ ಎಲುಬು, ಚರ್ಮದಿಂದ ತೆಗೆಯುವುದು ಅಂತ ನಾನೇ ಹೇಳಿದೆ. ಟೀಚರ್ ಅಲ್ವಾ, ಸುಮ್ನೆ ಇರಲಿಕ್ಕೆ ಆಗುವುದಿಲ್ಲ. ಮಾಮಿ ಎರಡು ಹೆಜ್ಜೆ ಹಿಂದೆ ಹೋದರು. "ನೀವು ಮೀನು ತಿಂತೀರಲ್ಲ ಮಾಮಿ" ಅಂದ ಪುಟ್ಟ. "ತಿನ್ನುವುದು ಬೇರೆ, ತಲೆಗೆ ಹಚ್ಚುವುದು ಬೇರೆ" ಅಂದರು. ಈ ಮಾತಿಗೆ ಎದುರು ಮಾತು ಇದ್ದರೆ ನನಗೆ ತಿಳಿಸಿ.

ಮರುದಿನ ಮಾಮಿ ಕಡಲಪಾಚಿಯಿಂದ ಮಾಡುವ ಚೈನಾಗ್ರಾಸ್ ಕುದಿಸಿ ಫ್ಲಾಸ್ಕಿನಲ್ಲಿ ತಂದರು. ಚೈನಾಗ್ರಾಸ್ ಚೆನ್ನಾಗಿ ಕುದಿದರೆ ಮಾತ್ರ ಕರಗುವುದು, ಸ್ವಲ್ಪ ತಣಿದರೆ ಸಾಕು ಗಟ್ಟಿ. ಫ್ಲಾಸ್ಕಿನಿಂದ ಲೋಟಕ್ಕೆ, ಲೋಟದಿಂದ ಬ್ರಶ್ಶಿಗೆ, ಬ್ರಶ್ಶಿನಿಂದ ತಲೆಗೆ ಬರುವಾಗ ಅದು ಪುಡ್ಡಿಂಗ್ ಆಗಿತ್ತು. ಅಭ್ಯಾಸದಿಂದ ಸಕ್ಕರೆ, ಏಲಕ್ಕಿಯನ್ನೂ ಹಾಕಿದ್ದರು. ನೀರಿಗೆ ಇಳಿದ ಎರಡು ನಿಮಿಷಕ್ಕೆ ಕೊಳದ ತುಂಬ ಗಡ್‌ಬಡ್ ಐಸ್‌ಕ್ರೀಮಿನ ಜೆಲ್ಲಿ ತೇಲಾಡಿತು. ಈಜು ಕಲಿಸುವ ಮಾಸ್ಟ್ರು ಉದ್ದ ಹಿಡಿಯ ಬಲೆ ತಂದು ಒಂದೊಂದಾಗಿ ಎತ್ತಿದರು. ಏನೂ ಹೇಳಲಿಲ್ಲ. ಎಲ್ಲ ಎತ್ತಿ ಆದ ಮೇಲೆ ಬಲೆಯನ್ನು ಒಮ್ಮೆ ಮೂಸಿ ನೋಡಿದರು.

ಶೂಟಿಂಗ್ ಒಂದು ಭಾನುವಾರ ಮಧ್ಯಾಹ್ನ. ಎರಡು ಗಂಟೆ ಕೊಳವನ್ನು ಬಾಡಿಗೆಗೆ ಹಿಡಿದಿದ್ದ. ಬಾಡಿಗೆ ಕೊಟ್ಟದ್ದು ನಾನು. ಕ್ಯಾಮೆರಾ ಸಣ್ಣದು, ನೀರಿಗೆ ಹಾಕುವಂಥದ್ದು. ಅದನ್ನು ನಮ್ಮ ಮನೆಯ ಮಾವಿನಕಾಯಿ ಕೊಯ್ಯುವ ಕೊಕ್ಕೆಯ ತುದಿಗೆ ಟೇಪು ಸುತ್ತಿ ಕಟ್ಟಿದ್ದ. ನೀರಿನೊಳಗೆ ಇಡುವ ಸ್ಪೀಕರಿಗೆ ದುಡ್ಡಿರಲಿಲ್ಲ. ದಡದಲ್ಲಿ ಎಷ್ಟು ಜೋರಾಗಿ ಹಾಡು ಹಾಕಿದರೂ ಕಿವಿ ಮುಳುಗಿದ ಮೇಲೆ ಗೊಣಗಿದ ಹಾಗೆ ಕೇಳುತ್ತದೆ. ಪಿಲಿವೇಷದ, ಅಂದರೆ ಹುಲಿವೇಷದ, ತಾಸೆ ಬಡಿಯುವವರನ್ನೇ ಕರೆಸುವ ಅಂದರು ಪ್ರೇಮಕ್ಕ. ಹೊರಗಿನ ಶಬ್ದ ನೀರಿನ ಮೇಲ್ಮೈಗೆ ಬಡಿದು ವಾಪಸ್ ಹೋಗುತ್ತದೆ, ಒಳಗೆ ಇಳಿಯುವುದು ಅತಿ ಕಡಿಮೆ ಅಂತ ನಾನು ಪಾಠ ಮಾಡಿದೆ. "ಹಾಗಾದ್ರೆ ನೀರಿನಲ್ಲೇ ಬಡಿಯಲಿ" ಅಂದರು. ಅಲ್ಲಿಗೆ ದಾರಿ ಸಿಕ್ಕಿತು. ಶೆಣೈ ಮಾಮಿ ತಿಂಡಿಗೆ ಅಂತ ಸಜ್ಜಿಗೆ, ಅವಲಕ್ಕಿ ತಂದಿದ್ದರು. ಬಡಿಸುವ ಸ್ಟೀಲ್ ಸೌಟು ಮಾಸ್ಟ್ರ ಕೈಗೆ ಹೋಯಿತು. ಕೊಳಕ್ಕೆ ಇಳಿಯುವ ಸ್ಟೀಲ್ ಏಣಿ ಉಂಟಲ್ಲ, ಅದರ ಕಾಲು ನೀರಿನೊಳಗೆ ಇರುತ್ತದೆ. ಮಾಸ್ಟ್ರು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು, ಬಗ್ಗಿ, ಸೌಟಿನಿಂದ ಏಣಿಗೆ ತಾಳ ಹಾಕಿದರು.

ಟಣ್. ಟಣ್. ಟಣ್.

ನಾನು ಅಂಗಾತ ತೇಲುತ್ತಿದ್ದೆ. ಕಿವಿ ನೀರಿನೊಳಗೆ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಓಡಿದರೆ ನೀರಿನಲ್ಲಿ ಸುಮಾರು 1,500 ಮೀಟರ್. ಎಡಗಿವಿಗೂ ಬಲಗಿವಿಗೂ ಒಟ್ಟಿಗೇ ಬಂದ ಹಾಗಾಗುತ್ತದೆ. ಯಾವ ಕಡೆಯಿಂದ ಬಂತು ಅಂತ ತಲೆಗೆ ತಿಳಿಯುವುದಿಲ್ಲ. ಇದನ್ನು ವರ್ಷ ವರ್ಷ ಬೋರ್ಡಿನಲ್ಲಿ ಬರೆಯುತ್ತೇನೆ. ಆದರೆ ಆ ಶಬ್ದವನ್ನು ಕೇಳಿ ನಲವತ್ತು ವರ್ಷ ಆಗಿತ್ತು.

ಕಾರ್ಕಳದ ಹತ್ತಿರ ನಮ್ಮ ಅಜ್ಜಿಮನೆ. ಅಡಿಕೆ ತೋಟದ ನಡುವೆ ಮುರಕಲ್ಲಿನ ಮೆಟ್ಟಿಲು ಕಟ್ಟಿದ ಕೆರೆ. ಎರಡು ಒಣ ತೆಂಗಿನಕಾಯಿಯ ಸಿಪ್ಪೆ ಎಬ್ಬಿಸಿ, ಒಂದಕ್ಕೊಂದು ಗಂಟು ಹಾಕಿ, ಎದೆಯ ಅಡಿ ಇಟ್ಟು ನಾನೂ ಅಕ್ಕನೂ ಈಜು ಕಲಿತೆವು. ನಮ್ಮ ಆಟ ಏನು ಅಂದರೆ, ಒಬ್ಬಳು ನೀರಿನೊಳಗೆ ಎರಡು ಕಲ್ಲು ಕುಟ್ಟುವುದು, ಇನ್ನೊಬ್ಬಳು ತೇಲುತ್ತಾ ಕೇಳುವುದು. ಒಂದು ಸಲ ಕುಟ್ಟಿದರೆ ಕೈ ಚಾಚಬೇಕು, ಎರಡಕ್ಕೆ ಮುದುಡಬೇಕು, ಮೂರಕ್ಕೆ ಅಲ್ಲಾಡದೆ ಹೆಣದ ಹಾಗೆ ಬಿದ್ದುಕೊಳ್ಳಬೇಕು. ಅಕ್ಕನಿಗೆ ಹದಿಮೂರು ಆದ ವರ್ಷ ಅಜ್ಜಿ "ಇನ್ನು ನೀನು ಕೆರೆಗೆ ಇಳಿಯುವುದು ಸಾಕು" ಅಂದರು. ಅಕ್ಕ ವಾದ ಮಾಡಲಿಲ್ಲ. ಮರುದಿನ ನನ್ನ ಜೊತೆ ಕೆರೆಗೆ ಬಂದಳು. ಕೊನೆಯ ಮೆಟ್ಟಿಲಲ್ಲಿ ಲಂಗ ಎತ್ತಿ ಕೂತು, ಮೊಣಕೈ ತನಕ ಕೈ ನೀರಿಗೆ ಬಿಟ್ಟು ಕಲ್ಲು ಕುಟ್ಟಿದಳು. ಎರಡು ಬೇಸಿಗೆ ಹಾಗೇ ಕುಟ್ಟಿದಳು. ನೋಡುವವರಿಗೆ ಕೆರೆಯಲ್ಲಿ ನಾನೊಬ್ಬಳೇ.

ಮಾಸ್ಟ್ರ ಸೌಟು ಮೂರು ಸಲ ಬಡಿಯಿತು. ನಾನು ಅಲ್ಲಾಡದೆ ಬಿದ್ದುಕೊಂಡೆ. ಪುಟ್ಟನ ಸ್ಕ್ರಿಪ್ಟಿನಲ್ಲಿ ಆಗ ಎಲ್ಲರೂ ಕಾಲು ಬಡಿದು ನೊರೆ ಎಬ್ಬಿಸಬೇಕಿತ್ತು. ಉಳಿದ ಏಳು ಜನ ಎಬ್ಬಿಸಿದರು. ನನ್ನದು ಮಾತ್ರ ನೊರೆಯ ನಡುವೆ ಒಂದು ಕಾಲು, ಸುಮ್ಮನೆ. ಕೊಕ್ಕೆಯ ತುದಿಯ ಕ್ಯಾಮೆರಾ ಅಲುಗಾಡದ ವಸ್ತುವನ್ನು ಹುಡುಕುತ್ತಾ ಬಂದು ಅಲ್ಲಿ ನಿಂತಿತು.

ಹೋದ ಭಾನುವಾರ ಪ್ರದರ್ಶನ. ಹೊರಗೆ ಜೋರು ಮಳೆ. ಆದರೂ ಸಭಾಂಗಣದಲ್ಲಿ ಅರವತ್ತು ಜನ. ನಲವತ್ತೈದು ಜನ ನಮ್ಮ ಕಡೆಯವರೇ. ಪ್ರೇಮಕ್ಕ ಎಣಿಸಿದ್ದರು. ಸಿನಿಮಾ 11 ನಿಮಿಷದ್ದು. ಹೆಸರಿಲ್ಲ. ಹೆಸರು ಬರಬೇಕಾದ ಜಾಗದಲ್ಲಿ ಒಂದು ಅಲ್ಪವಿರಾಮ ಬಂತು, ಅಷ್ಟೇ. ಈಗ ಯಾರಾದರೂ "ನಿಮ್ಮ ಸಿನಿಮಾ ಯಾವುದು" ಅಂತ ಕೇಳಿದರೆ ನಾನು ಗಾಳಿಯಲ್ಲಿ ಬೆರಳಿನಿಂದ ಸಣ್ಣ ಬಾಲ ಬಿಡಿಸಬೇಕು. ಶುರುವಿನಲ್ಲಿ ನಾಲ್ಕು ನಿಮಿಷ ನೀಲಿ ನೀರು. ಹಿನ್ನೆಲೆಯಲ್ಲಿ ನಮ್ಮ ಗ್ರೈಂಡರಿನ ಶಬ್ದ. ಹೋದ ವರ್ಷದ್ದೇ, ದಂಡ ಮಾಡಲಿಲ್ಲ. ಆಮೇಲೆ ಬಳೆ ತೊಟ್ಟ ಕೈಗಳು ಒಂದೊಂದಾಗಿ ಮೇಲೆ ಬಂದವು. ಕೊಂಕಣಿ ಕೈ, ಕನ್ನಡ ಕೈ, ತುಂಬ ಹೊತ್ತು ಬಿಟ್ಟು ತುಳು ಕೈ. ಜನ ಚಪ್ಪಾಳೆ ಹೊಡೆದರು. ಬೇಕಂತಲೇ ಹಾಗೆ ಮಾಡಿದ್ದು ಅಂತ ತಿಳಿದರು.

ಆಮೇಲೆ ಗ್ರೈಂಡರ್ ನಿಂತಿತು. ಟಣ್, ಟಣ್, ಟಣ್. ಪರದೆಯ ತುಂಬ ನನ್ನ ಹಿಮ್ಮಡಿ.

ಮನೆಯಲ್ಲಿ ಕಾಲು ಮಡಚಿ ನೋಡುವಾಗ ಅದು ಅಷ್ಟು ದೊಡ್ಡದಿಲ್ಲ. ಹತ್ತಡಿ ಅಗಲದ ಪರದೆಯಲ್ಲಿ ಅದು ಜಿಲ್ಲೆಯ ನಕಾಶೆ ಆಗಿತ್ತು. ಪೂರ್ವದಿಂದ ಒಂದು ದೊಡ್ಡ ಬಿರುಕು ನೇತ್ರಾವತಿಯ ಹಾಗೆ ಬಾಗಿ ಬಾಗಿ ಬಂದಿದೆ. ಉತ್ತರದಿಂದ ಫಲ್ಗುಣಿ. ಎರಡೂ ಅಳಿವೆಬಾಗಿಲಿನಲ್ಲಿ ಸೇರುವ ಹಾಗೆ ಹಿಮ್ಮಡಿಯ ಅಂಚಿನಲ್ಲಿ ಸೇರಿವೆ. ನಡುನಡುವೆ ಸಣ್ಣ ತೋಡುಗಳು. ಕ್ಲೋರಿನ್ ನೀರು ಕುಡಿದು ಅಂಚುಗಳೆಲ್ಲ ಬೆಳ್ಳಗೆ ಎದ್ದಿವೆ. ಒಂದು ಕಡೆ ಚೈನಾಗ್ರಾಸಿನ ಚೂರು ಸಿಕ್ಕಿಕೊಂಡು ಹೊಳೆಯುತ್ತಿದೆ. ನಾನು ಈಗ ಹೋಗುತ್ತದೆ, ಈಗ ಹೋಗುತ್ತದೆ ಅಂತ ಕಾದೆ. ಹೋಗಲಿಲ್ಲ. ಯಾರೋ ಕೆಮ್ಮಿದರು. ಒಂದು ಮಗು ಜೋರಾಗಿ "ಅಮ್ಮಾ, ಅದೆಂತ?" ಅಂತ ಕೇಳಿತು. 1 ನಿಮಿಷ 40 ಸೆಕೆಂಡು. ಆಮೇಲೆ ಮನೆಯಲ್ಲಿ ಗಡಿಯಾರ ಹಿಡಿದು ನೋಡಿದ್ದೇನೆ.

ಮುಗಿದ ಮೇಲೆ ಸಂವಾದ. ನಿವೃತ್ತ ಮೇಷ್ಟ್ರೊಬ್ಬರು ಎದ್ದು, ಆ ದೃಶ್ಯ ನೀರಿಲ್ಲದೆ ಒಡೆದ ಕರಾವಳಿಯ ಮುರಕಲ್ಲಿನ ನೆಲ ಅಂದರು. ಇನ್ನೊಬ್ಬರು ಅಲ್ಲ, ಅದು ದುಡಿಯುವ ಹೆಣ್ಣಿನ ಚರಿತ್ರೆ ಅಂದರು. ನನಗೆ ಇದು ಹೆಚ್ಚು ಹಿಡಿಸಿತು. ಮೂರನೆಯವರು ಪಾಪ ನೇರವಾಗಿ "ಅದು ಯಾರ ಕಾಲು?" ಅಂತ ಕೇಳಿದರು. ಪುಟ್ಟ ಗಂಭೀರವಾಗಿ "ಅದು ಯಾರದ್ದೂ ಅಲ್ಲ, ಎಲ್ಲರದ್ದೂ" ಅಂದ. ಮೊದಲ ಬಾರಿಗೆ ಅವನ ಸಿನಿಮಾ ಭಾಷೆ ನನಗೆ ಇಷ್ಟವಾಯಿತು. ಕುರ್ಚಿಯ ಅಡಿ ಕಾಲು ಎಳೆದುಕೊಂಡು ಕೂತೆ.

ಹಿಂದಿನ ಸಾಲಿನಿಂದ ಪ್ರೇಮಕ್ಕನ ಸ್ವರ ಬಂತು. "ಯಾರದ್ದೂ ಅಲ್ಲ ಅಂದ್ರೆ ಎಂತ? ನಮ್ಮ ಟೀಚರದ್ದು! ಇಲ್ಲೇ ಇದ್ದಾರೆ ನೋಡಿ." ಬಗ್ಗಿ ನನ್ನ ಕೈ ಹಿಡಿದು ಮೇಲೆತ್ತಿದರು. "ಎಡಗಾಲು ಅದು. ಬಲಗಾಲಿನಲ್ಲಿ ಇಷ್ಟಿಲ್ಲ. ಎಡದ್ದರಲ್ಲಿ ಹದಿನಾಲ್ಕು ಬಿರುಕು ಉಂಟು, ನಾನು ಎಣಿಸಿದೆ."

ಅರವತ್ತು ತಲೆ ಒಟ್ಟಿಗೆ ತಿರುಗಿದವು. ಅರವತ್ತು ತಲೆ ಒಟ್ಟಿಗೆ ಕೆಳಗೆ ಬಗ್ಗಿದವು. ಒಂದೂ ಹಿಂದೆ ಮುಂದೆ ಆಗಲಿಲ್ಲ. ಮೂರು ವಾರ ಕೊಳದಲ್ಲಿ ಒದ್ದಾಡಿ ನಾವು ಎಂಟು ಜನರಿಗೆ ಆಗದ್ದನ್ನು ಅವರು ಅಭ್ಯಾಸ ಇಲ್ಲದೆ ಮಾಡಿದರು.

ಅಂದಿನಿಂದ ಮದ್ದು ಬರುತ್ತಿದೆ. ಹರಳೆಣ್ಣೆ, ಜೇನುಮೇಣ, ಅರಸಿನ ಕಲಸಿದ ತೆಂಗಿನೆಣ್ಣೆ. ಐರಿನ್ ಬಾಯಿಯ ಮಗ ಗಲ್ಫಿನಿಂದ ತಂದ ಕ್ರೀಮು. ಒಬ್ಬರು ಮೇಣದ ಬತ್ತಿ ಕರಗಿಸಿ ತುಂಬಿಸಿ ಅಂದರು, ಗೋಡೆಗೆ ಪುಟ್ಟಿ ಹಾಕಿದ ಹಾಗೆ. ನಮ್ಮ ಮನೆಯವರು ಎಲ್ಲ ಡಬ್ಬಗಳನ್ನೂ ಟಿವಿಯ ಪಕ್ಕ ಸಾಲಾಗಿ ಇಟ್ಟಿದ್ದಾರೆ. ಬಂದವರಿಗೆ ತೋರಿಸುತ್ತಾರೆ, ಪ್ರಶಸ್ತಿ ಬಂದದ್ದು ಅಂತ.

ಪುಟ್ಟ ಸಿನಿಮಾವನ್ನು ಡೊಂಬಿವಲಿಗೂ ಕಳಿಸಿದ್ದ. ಅಕ್ಕ ಎರಡು ದಿನ ಏನೂ ಹೇಳಲಿಲ್ಲ. ನಿನ್ನೆ ರಾತ್ರಿ ಫೋನ್ ಮಾಡಿದಳು. ಊಟ ಆಯ್ತಾ, ಮಳೆ ಹೇಗಿದೆ, ಪುಟ್ಟ ಸರಿಯಾಗಿ ತಿನ್ನುತ್ತಾನಾ ಎಲ್ಲ ಆಯಿತು. ಆಮೇಲೆ ಕೇಳಿದಳು.

"ಆ ಟಣ್ ಟಣ್ ಎಂತದ್ದು?"

"ಸೌಟು. ಏಣಿಗೆ ಬಡಿದದ್ದು."

"ಹೌದಾ. ನಾನು ಕಲ್ಲು ಅಂತ ಎಣಿಸಿದೆ."

ಸ್ವಲ್ಪ ಹೊತ್ತು ಇಬ್ಬರೂ ಮಾತಾಡಲಿಲ್ಲ. ಅವಳ ಮನೆಯ ಹಿಂದೆ ಲೋಕಲ್ ಟ್ರೈನು ಹೋದದ್ದು ಕೇಳಿಸಿತು.

"ಮೂರಕ್ಕೆ ನಿಂತದ್ದು ನೀನೊಬ್ಬಳೇ" ಅಂದಳು. ಕೂಡಲೇ ಸ್ವರ ಬದಲಾಯಿತು. "ಕಾಲಿಗೆ ಎಂತಾದ್ರೂ ಹಚ್ಚು ಮಾರಾಯ್ತಿ. ಇಲ್ಲಿ ನಮ್ಮ ಬಿಲ್ಡಿಂಗಿನವರೆಲ್ಲ ನೋಡಿದ್ದಾರೆ."

ಹಾಗಾಗಿ ಈಗ ಪುನರ್ಪುಳಿ ತುಪ್ಪ ಬಿಸಿಗೆ ಇಟ್ಟಿದ್ದೇನೆ. ಸಾಕ್ಸ್ ಹುಡುಕುತ್ತಿದ್ದೇನೆ. ಈ ಸೆಕೆಯ ಊರಿನಲ್ಲಿ ಯಾರ ಮನೆಯಲ್ಲಿ ಸಾಕ್ಸ್ ಇರುತ್ತದೆ ಹೇಳಿ? ನಮ್ಮ ಮನೆಯವರ ಕಪಾಟಿನಲ್ಲಿ ಎರಡು ಸಿಕ್ಕಿದವು. ಒಂದು ಕಪ್ಪು, ಒಂದು ಕಂದು.